ತಂಗಿ ಎಳೆದ ಹೊತ್ತಿನ ಗೀಟು

ಸಣ್ಣವಳಿದ್ದಾಗ ನನಗೊಮ್ಮೆ ಅಜ್ಜಿಯ ಹಲ್ಲುನೋವು ಬಂದಿತ್ತು. ಅಜ್ಜಿಗೆ ಬಂದಂಥ ಹಲ್ಲುನೋವಲ್ಲ, ಅಜ್ಜಿಯದೇ ಹಲ್ಲುನೋವು. ಬಸವಕಲ್ಯಾಣದ ಕೋಟೆಯ ಹಿಂದಿನ ಓಣಿಯಲ್ಲಿ ನಮ್ಮ ತವರುಮನೆ. ಅದರ ಹಿಂದಿನ ಕೋಣೆಗೆ ಶಹಾಬಾದಿ ಕಲ್ಲು ಹಾಸಿದ್ದಾರೆ. ಆ ಕಲ್ಲಿನ ಮೇಲೆ, ಬೀಸುಕಲ್ಲಿನ ಮಗ್ಗುಲಿಗೆ, ಸುಣ್ಣದಲ್ಲಿ ಎಳೆದ ಒಂದು ಚಿಕ್ಕ ಗೀಟಿತ್ತು. ಮುಟ್ಟಬೇಡ ಎಂದಿದ್ದರು, ಅದಕ್ಕೇ ಮುಟ್ಟಿದೆ. ಬೆರಳು ಗೀಟಿನ ಮೇಲೆ ಹರಿಸಿದ್ದೇ ತಡ, ಬಲದವಡೆ ಸಿಡಿಯತೊಡಗಿತು. ಆ ಜಾಗದಲ್ಲಿ ನನ್ನ ಹಾಲುಹಲ್ಲು ಬಿದ್ದುಹೋಗಿ ಬರೀ ವಸಡಿತ್ತು, ಆದರೂ ಅಲ್ಲೊಂದು ಹಲ್ಲು ನೋಯುತ್ತಿತ್ತು. ಬೆರಳು ಎತ್ತಲು ಬರಲಿಲ್ಲ. ಉಂಡು ಎದ್ದು ಕೂತವಳು ದೀಪ ಹಚ್ಚುವವರೆಗೂ ಅಲ್ಲೇ ಕೆನ್ನೆ ಹಿಡಿದುಕೊಂಡು ಕೂತಿದ್ದೆ. ಅಜ್ಜಿ ಬಂದು ನೋಡಿ ನಕ್ಕಳು. “ನಾ ಬಿಟ್ಟಿದ್ದನ್ನ ನೀ ಯಾಕ ಎತ್ತಿಕೊಂಡಿ?” ಎಂದಳು. ಅವಳಿಗೆ ತನಗೆ ಹಲ್ಲುನೋವು ಬಂದದ್ದೇ ನೆನಪಿರಲಿಲ್ಲ. ನನಗೆ ಇವತ್ತಿಗೂ ಇದೆ.

ನಮ್ಮ ಮನೆಯ ಹೆಂಗಸರಿಗಷ್ಟೇ ಬರುವ ಬರಹ ಇದು. ಹೊತ್ತಿನ ಗೀಟು ಎನ್ನುತ್ತಾರೆ. ಇದರಲ್ಲಿ ಹೆಸರು ಬರೆಯಲು ಬರುವುದಿಲ್ಲ, ಊರು ಬರೆಯಲು ಬರುವುದಿಲ್ಲ, ಹೊತ್ತನ್ನು ಮಾತ್ರ ಬರೆಯಬಹುದು. ಎಲೆಗೆ ಹಚ್ಚುವ ಸುಣ್ಣವನ್ನು ನೀರಿನಲ್ಲಿ ಕದಡಿ, ಬೆರಳು ಅದ್ದಿ ಅದ್ದಿ, ಕಡಿಯದಂತೆ ಒಂದೇ ಗೀಟು ಎಳೆಯಬೇಕು. ನಿದ್ದೆಯ ಹೊತ್ತು ನೆಟ್ಟಗೆ ಹೋಗುತ್ತದೆ, ಕೆಲಸದ ಹೊತ್ತು ಗರಗಸದ ಹಲ್ಲಿನಂತೆ, ಕಾಯುವ ಹೊತ್ತು ಸುರುಳಿ ಸುರುಳಿಯಾಗಿ. ಈ ಗಳಿಗೆಯಿಂದ ಶುರುಮಾಡಿ ಹಿಂದಕ್ಕೆ ಹೋಗಬೇಕು. ಎಲ್ಲಿಂದ ಕೆಟ್ಟಿತೋ ಅಲ್ಲಿಗೆ ಮುಟ್ಟಿದಾಗ ಗಂಟು ಹಾಕಿ ಕೈ ಎತ್ತಬೇಕು. ಗಂಟು ಬಿದ್ದ ಕೂಡಲೇ ಎಳೆದಷ್ಟೂ ಹೊತ್ತು ನಮ್ಮೊಳಗಿನಿಂದ ಹೋಗಿ ಕಲ್ಲಿನ ಮೇಲೆ ಉಳಿಯುತ್ತದೆ. ಓದುವವರು ಗಂಟಿನ ಕಡೆಯಿಂದ ಬೆರಳು ಹರಿಸಬೇಕು. ಆಗ ಸುಣ್ಣ ಬೆರಳಿಗೆ ಹತ್ತಿಕೊಂಡು ಗೀಟು ಅಳಿಯುತ್ತದೆ, ಹೊತ್ತು ಓದಿದವರ ಪಾಲಾಗುತ್ತದೆ. ತಾನು ಬಿಟ್ಟದ್ದನ್ನು ತಾನೇ ಓದಿದರೆ ಬೆರಳು ಹರಿದಷ್ಟು ಬೇಗ ವಾಪಸು ಬರುತ್ತದೆ. ಇನ್ನೊಬ್ಬರದನ್ನು ಓದಿದರೆ ಹಾಗಿಲ್ಲ. ಅವರು ಎಷ್ಟು ಹೊತ್ತು ಅನುಭವಿಸಿದ್ದರೋ ಅಷ್ಟೂ ಹೊತ್ತು ಕೂತು ಅನುಭವಿಸಬೇಕು.

ಗೀಟು ಎಳೆಯುವವಳು ಒಬ್ಬಳೇ ಕೂರುವಂತಿಲ್ಲ. ಮನೆಯ ಇನ್ನೊಬ್ಬ ಹೆಂಗಸು ಮಗ್ಗುಲಲ್ಲಿ ಕೂತು ಅವಳ ಎಡಗೈ ಮಣಿಕಟ್ಟು ಹಿಡಿದಿರಬೇಕು. ಕೆಟ್ಟ ಹೊತ್ತು ಶುರುವಾದ ಜಾಗ ಬಂದಾಗ ಹಿಡಿದವಳು ಗಟ್ಟಿಯಾಗಿ ಅದುಮುತ್ತಾಳೆ, ಎಳೆಯುವವಳು ಅಲ್ಲಿಗೆ ಗಂಟು ಹಾಕುತ್ತಾಳೆ. ಗೀಟನ್ನು ಮುಂದಿನ ಅಮಾವಾಸ್ಯೆಯ ತನಕ ಇಟ್ಟು ಆಮೇಲೆ ತೊಳೆಯುವುದು ಪದ್ಧತಿ. ಬರೆದವಳಿಗೆ ಬೇಕೆನಿಸಿದರೆ ವಾಪಸು ತೆಗೆದುಕೊಳ್ಳಲಿ ಎಂದು ಅಷ್ಟು ದಿನದ ಸವಲತ್ತು. ತೊಳೆದ ಮೇಲೆ ಆ ಹೊತ್ತು ಯಾರದೂ ಅಲ್ಲ.

ನನಗೆ ಇದು ಮೊದಲಿನಿಂದಲೂ ಸರಿಬರಲಿಲ್ಲ. ಹೆರಿಗೆಯಾದ ಮೇಲೆ ಬೇನೆಯ ಹೊತ್ತನ್ನು ಬರೆದು ತೊಳೆದುಬಿಡುವುದು ನಮ್ಮಲ್ಲಿ ಮಾಮೂಲು. ನನ್ನ ಸರದಿ ಬಂದಾಗ, ನನ್ನ ಬೇನೆ ನನಗಿರಲಿ, ನಾನೇನು ಪುಕ್ಕಟೆ ತಿಂದಿಲ್ಲ ಎಂದೆ. ಅವ್ವ ಮೂಗು ಮುರಿದಳು. ಅವ್ವ ತನ್ನ ಬದುಕಿನಲ್ಲಿ ಎಷ್ಟು ಬರೆದಿದ್ದಾಳೋ ಅವಳಿಗೇ ಗೊತ್ತಿಲ್ಲ. ಅವಳ ಅಣ್ಣ ಮೋರಖಂಡಿಯ ನಮ್ಮ ಹೊಲದ ಬಾವಿಯಲ್ಲಿ ಮುಳುಗಿ ಸತ್ತ ದಿನವನ್ನು ಅವಳು ಬರೆದು ತೊಳೆದಿದ್ದಾಳೆ. ಹಾಗಾಗಿ ಅಣ್ಣ ಇಲ್ಲ ಎಂಬುದು ಗೊತ್ತು, ಹೇಗೆ ಹೋದ ಎಂಬುದು ಗೊತ್ತಿಲ್ಲ. ಬಾವಿ ಎಂದು ನಾವು ಹೇಳಿದರೆ ಅವಳಿಗೆ ಸಾಲುವುದಿಲ್ಲ. ಮದುವೆ ಮನೆಯಲ್ಲೋ ಮುಂಜಿ ಮನೆಯಲ್ಲೋ ಯಾರೋ ಒಬ್ಬರನ್ನು ಹಿಡಿದುಕೊಂಡು, “ನಮ್ಮಣ್ಣಗ ಏನಾಗಿತ್ತರಿ?” ಎಂದು ಕೇಳುತ್ತಾಳೆ. ಕೇಳಿಸಿಕೊಂಡವರು ತಾಂಬೂಲದ ತಟ್ಟೆ ನೋಡುತ್ತಾರೆ. ಇದೆಂಥ ಸುಖ ಎಂದು ನನಗೆ ಸಿಟ್ಟು ಬರುತ್ತಿತ್ತು.

ನಾನು ಇರುವುದು ಹುಮನಾಬಾದಿನಲ್ಲಿ, ಬಸ್ ನಿಲ್ದಾಣದ ಹತ್ತಿರ ಬ್ಲೌಸ್ ಹೊಲಿಯುವ ಅಂಗಡಿ ಇಟ್ಟಿದ್ದೇನೆ. ನನ್ನ ಒಬ್ಬಳೇ ತಂಗಿಯನ್ನು ಬೇಮಳಖೇಡಕ್ಕೆ ಕೊಟ್ಟಿದೆ. ಅವಳಿಗೆ ಒಬ್ಬಳೇ ಮಗಳು, ಒಂದನೇ ಇಯತ್ತೆಗೆ ಹೋಗುತ್ತಿದ್ದಳು. ತೆಳ್ಳಗೆ, ಮಾತು ಮಾತ್ರ ಊರಗಲ. ನಾನು ಫ್ರಾಕು ಹೊಲಿದು ಕೊಟ್ಟರೆ ಮೊದಲು ಕಿಸೆ ಇದೆಯೋ ಇಲ್ಲವೋ ನೋಡುತ್ತಿದ್ದಳು, ಇಲ್ಲದಿದ್ದರೆ ಹಾಕಿಕೊಳ್ಳುತ್ತಿರಲಿಲ್ಲ. ಹುಣಸೆಬೀಜ ತುಂಬಲು ಕಿಸೆ. ನನ್ನ ಮಗ ದೊಡ್ಡವನಾಗಿ ನನ್ನ ಜೊತೆ ಮಾತು ಕಡಿಮೆ ಮಾಡಿದ ಮೇಲೆ ನನ್ನ ಪ್ರೀತಿಯೆಲ್ಲ ಆ ಹುಡುಗಿಯ ಮೇಲೇ ಇತ್ತು. ಇದನ್ನು ಹೇಳಿಕೊಳ್ಳಲು ನಾಚಿಕೆಯೇನಿಲ್ಲ.

ಈ ವರ್ಷ ಆಷಾಢದ ಆರಂಭದಲ್ಲಿ ತಂಗಿ ಮಗಳನ್ನು ಕರೆದುಕೊಂಡು ತವರಿಗೆ ಬಂದಿದ್ದಾಗ ಹುಡುಗಿಗೆ ಜ್ವರ ಬಂತು. ಮೊದಲ ದಿನಗಳಲ್ಲಿ ಎಲ್ಲ ಮಕ್ಕಳಿಗೂ ಬರುವ ಜ್ವರ. ಗುಳಿಗೆ ಕೊಟ್ಟರೆ ಇಳಿಯಿತು, ಮತ್ತೆ ಏರಿತು. ಒಂದು ಬೆಳಿಗ್ಗೆ ಎಬ್ಬಿಸಿದರೆ ಕಣ್ಣು ಮೇಲೆ ಮಾಡಿ ಕೈಕಾಲು ಸೆಳೆಯತೊಡಗಿದಳು. ದವಾಖಾನೆಗೆ ಒಯ್ದರು. ಮೈದುನ, ಎಂದರೆ ತಂಗಿಯ ಗಂಡ, ಬೇಮಳಖೇಡದಿಂದ ಬಂದವನು ಔಷಧಕ್ಕೆ, ರಕ್ತ ಪರೀಕ್ಷೆಗೆ, ಬೀದರಿಗೆ ಒಯ್ಯಲು ಗಾಡಿಗೆ ಎಂದು ದಿನವಿಡೀ ಹೊರಗೇ ಓಡಾಡಿದ. ಗಾಡಿ ಬಂದು ನಿಂತಾಗ ಒಳಗೆ ಎಲ್ಲ ಮುಗಿದಿತ್ತು. ನಾನು ಹುಮನಾಬಾದಿನಿಂದ ಬಸ್ ಹತ್ತಿ, ರಾಜೇಶ್ವರ ದಾಟುವಾಗಲೇ ಫೋನ್ ಬಂತು. ಬಸ್ಸಿನಲ್ಲಿ ಪಕ್ಕದ ಸೀಟಿನ ಹೆಂಗಸು ನನ್ನ ತಲೆ ತನ್ನ ಹೆಗಲಿಗೆ ಒರಗಿಸಿಕೊಂಡಳು. ಅವಳು ಯಾರೋ, ಈಗ ಎದುರು ಬಂದರೂ ಗುರುತು ಸಿಗಲಾರದು.

ಹುಡುಗಿಯನ್ನು ಬೇಮಳಖೇಡದ ಹೊಲದಲ್ಲಿ ಮಣ್ಣು ಮಾಡಿದೆವು. ತಂಗಿಯನ್ನು ಅವ್ವ ತನ್ನ ಜೊತೆ ಬಸವಕಲ್ಯಾಣಕ್ಕೆ ಕರೆದುಕೊಂಡು ಹೋದಳು. ತಂಗಿ ಗೋಡೆಗೆ ಮುಖ ಮಾಡಿ ಮಲಗಿದವಳು ಅನ್ನ ಮುಟ್ಟಲಿಲ್ಲ, ಹನಿ ನೀರೂ ಇಳಿಸಲಿಲ್ಲ. ನೀರಿನ ಲೋಟ ಬಾಯಿಗೆ ಹಿಡಿದರೆ ಕೈ ತಳ್ಳುತ್ತಿದ್ದಳು. ಸಲೈನ್ ಹಚ್ಚಿಸಿದರೆ ಕಿತ್ತು ಒಗೆದಳು. ನಾನು ಒಂದು ದಿನದ ಮಟ್ಟಿಗೆ ಹುಮನಾಬಾದಿಗೆ ಹೋಗಿ ಅಂಗಡಿಯ ಬಾಗಿಲು ಹಾಕಿ ಬರುತ್ತೇನೆಂದು ಹೊರಟೆ. ನಾನು ಇದ್ದಿದ್ದರೆ ತಡೆಯುತ್ತಿದ್ದೆ ಎಂಬುದು ಅವ್ವನಿಗೆ ಗೊತ್ತು. ಅದಕ್ಕೇ ತಂಗಿಯಿಂದ ಗೀಟು ಎಳೆಸಲು ಆ ದಿನವನ್ನೇ ಆರಿಸಿಕೊಂಡಳು.

ಮರುದಿನ ಸಸ್ತಾಪುರ ಬಂಗ್ಲಾ ನಿಲ್ದಾಣದಲ್ಲಿ ಬಸ್ ಇಳಿದು, ಆಟೊ ಹಿಡಿದು ಮನೆ ಮುಟ್ಟಿದರೆ ತಂಗಿ ಅಂಗಳದಲ್ಲಿ ಪಾತ್ರೆ ತಿಕ್ಕುತ್ತಿದ್ದಳು. ತಲೆಗೆ ಎಣ್ಣೆ ಹಾಕಿ ಬಾಚಿ ಹೆಣೆದುಕೊಂಡಿದ್ದಳು. ನನ್ನನ್ನು ನೋಡಿ ಬಾಯಿ ತುಂಬ ನಕ್ಕಳು.

“ಅಕ್ಕಾ, ಎಷ್ಟು ದಪ್ಪ ಆಗೀ? ಮಾಮಾ ಬರೋಬ್ಬರಿ ತಿನಸಾಕತ್ತಾರ ನೋಡು,” ಎಂದಳು.

ಸಾವಿನ ದಿನವನ್ನು ಬರೆದವಳು ಮಗಳು ಸತ್ತ ನೋವನ್ನು ಮರೆತಿರಬಹುದು, ಮಗಳನ್ನು ಮರೆಯುವುದಿಲ್ಲ. ಇವಳ ಮುಖದಲ್ಲಿ ಮಗಳೇ ಇರಲಿಲ್ಲ. ನಾನು ಚೀಲ ಎಸೆದು ಹಿಂದಿನ ಕೋಣೆಗೆ ಹೋದೆ. ಇಂಥ ಗೀಟು ಅಂಗೈಯಷ್ಟು, ಹೆಚ್ಚೆಂದರೆ ಗೇಣುದ್ದ ಇರುತ್ತದೆ. ಇದು ಬೀಸುಕಲ್ಲಿನ ಹತ್ತಿರ ಶುರುವಾಗಿ, ಕೋಣೆಯ ಉದ್ದಕ್ಕೂ ಹೋಗಿ, ಗೋಡೆಗೆ ಮುಟ್ಟಿ, ತಿರುಗಿ ಬಂದು, ಮತ್ತೆ ಹೋಗಿ, ಹೊಸ್ತಿಲ ಹತ್ತಿರ ಗಂಟಾಗಿತ್ತು. ಕಾಲಿಡಲು ಜಾಗವಿರಲಿಲ್ಲ. ಅವ್ವ ಮೂಲೆಯಲ್ಲಿ ಕೂತು ಜಪಮಣಿ ಎಣಿಸುತ್ತಿದ್ದಳು.

“ಎಲ್ಲಿಗೆ ಗಂಟು ಹಾಕಿಸಿದಿ?” ಎಂದು ಕೇಳಿದೆ.

“ಆಕಿ ನಿಲ್ಲಲಿಲ್ಲ,” ಎಂದಳು ಅವ್ವ.

ಆದದ್ದು ಇಷ್ಟು. ಸಾವಿನ ದಿನ ದಾಟಿ ಜ್ವರ ಬಂದ ದಿನಕ್ಕೆ ಮುಟ್ಟಿದಾಗ ಅವ್ವ ಮಣಿಕಟ್ಟು ಅದುಮಬೇಕಿತ್ತು. ಅಷ್ಟರಲ್ಲಿ ತಂಗಿ, ಇಲ್ಲಿಂದಲ್ಲ, ಇದಕ್ಕೂ ಮೊದಲು ಮಗಳ ಕಾಲು ನೋಯುತ್ತಿದ್ದವು ಎಂದಳು. ಅದನ್ನೂ ದಾಟಿದಳು. ರಾಜೇಶ್ವರದ ಮದುವೆಯಲ್ಲಿ ಸಿಕ್ಕಸಿಕ್ಕ ನೀರು ಕುಡಿಸಿದೆ, ಅಲ್ಲಿಂದ ಕೆಟ್ಟಿತು ಎಂದಳು. ಅದನ್ನೂ ದಾಟಿದಳು. ಮೊದಲಿನಿಂದಲೂ ತೆಳ್ಳಗಿತ್ತಲ್ಲ ಕೂಸು, ತಿಂಗಳು ತುಂಬುವ ಮುಂಚೆ ಹುಟ್ಟಿತಲ್ಲ, ಅಲ್ಲಿಂದ ಎಂದಳು. ಹುಟ್ಟಿದ್ದನ್ನೂ ದಾಟಿ, ಬಸುರಿದ್ದಾಗ ಶ್ರಾವಣ ಸೋಮವಾರ ಉಪವಾಸ ಮಾಡಿದ್ದೆ, ಅದಕ್ಕೇ ಕೂಸು ಬಲಿಯಲಿಲ್ಲ ಎಂದು ಅಲ್ಲಿಗೂ ಹೋದಳು. ಅದರ ಹಿಂದಿನ ಆಷಾಢ, ಮದುವೆಯಾದ ಹೊಸದರಲ್ಲಿ ತವರಿಗೆ ಬಂದಿದ್ದ ಆಷಾಢ, ಬಂದಾಗ ದೂರಲು ಮತ್ತೇನೂ ಸಿಗದೆ ಬೆರಳು ನಿಂತಿತು.

“ನೀ ಮಣಿಕಟ್ಟು ಹಿಡದು ಏನ್ ಮಾಡಾಕತ್ತಿದ್ದಿ ಮತ್ತ?” ಎಂದೆ. ನನ್ನ ದನಿ ಅಂಗಳಕ್ಕೆ ಕೇಳುವಷ್ಟು ಏರಿತ್ತು.

ಅವ್ವ ಜಪಮಣಿ ಕೆಳಗಿಟ್ಟಳು. “ಉಪಾಸ ಮಾಡು ಅಂದಾಕಿ ನಾನೇ ಅಲ್ಲೇನು? ಆಕಿ ಅಲ್ಲಿಗೆ ಹೋಗಿ ಮುಟ್ಟತಾಳೋ ಇಲ್ಲೋ ಅಂತ ನೋಡ್ಕೋತ ಕೂತೆ. ಮುಟ್ಟಿದಳು,” ಎಂದಳು.

ಅವಳು ತನ್ನ ಸೀರೆಯ ಸೆರಗನ್ನು ಬೆರಳಿಗೆ ಸುತ್ತಿ ಸುತ್ತಿ ಬಿಚ್ಚುತ್ತಿದ್ದಳು.

ಆಮೇಲಿನ ದಿನಗಳು ಹೀಗೆ ಹೋದವು. ತಂಗಿ ತಾನು ಹೊಸ ಮದುವಣಗಿತ್ತಿ, ಆಷಾಢಕ್ಕೆ ತವರಿಗೆ ಬಂದಿದ್ದೇನೆ ಎಂದುಕೊಂಡಿದ್ದಳು. ಮೈದುನ ಬಂದಾಗ ತಲೆ ಮೇಲೆ ಸೆರಗು ಎಳೆದುಕೊಂಡು, ಕಣ್ಣೆತ್ತದೆ ಚಹಾದ ಬಸಿ ಇಟ್ಟು ಒಳಗೆ ಓಡಿದಳು. ಮೊದಲ ವರ್ಷ ಹಾಗೇ ಮಾಡುತ್ತಿದ್ದಳು. ಅವನು ಆ ಚಹಾ ಕುಡಿಯಲಿಲ್ಲ. ಕಟ್ಟೆಯ ಮೇಲೆ ಕೂತು ತನ್ನ ಕಾಲಬುಡ ನೋಡುತ್ತಿದ್ದ. ಅವನ ಫೋನಿನ ತೆರೆ ಹೊತ್ತಿಕೊಂಡಾಗ ಮಗಳ ಫೋಟೊ ಕಂಡಿತು. ಬಾಗಿಲ ಸಂದಿಯಿಂದ ತಂಗಿ ನೋಡಿದಳು. ಆಮೇಲೆ ನನ್ನನ್ನು ಕೇಳಿದಳು, “ಅವರ ಫೋನ್‌ನಾಗ ಯಾರದು ಕೂಸು, ಅಕ್ಕಾ? ಅವರ ಅಕ್ಕನ ಮಗಳೇನು? ಚೆಂದ ಅದ.” ಅವ್ವ ಅವನಿಗೆ ಫೋಟೊ ತೆಗೆದುಹಾಕಲು ಹೇಳಿದಳು. ಅಜ್ಜಿಯ ಕಾಲದಲ್ಲಿ ಇಂಥ ತಾಪತ್ರಯ ಇರಲಿಲ್ಲ. ಸತ್ತವರ ಬಟ್ಟೆ ಕೊಟ್ಟುಬಿಟ್ಟರೆ ಕೆಲಸ ಮುಗಿಯುತ್ತಿತ್ತು. ಅವನು ಫೋಟೊ ತೆಗೆಯಲಿಲ್ಲ, ಫೋನನ್ನೇ ಒಳಗಿನ ಕಿಸೆಯಲ್ಲಿ ಇಟ್ಟುಕೊಂಡ.

ಅಪ್ಪ ತೀರಿಹೋಗಿದ್ದು ಮೊಮ್ಮಗಳು ಮಾತು ಕಲಿತ ವರ್ಷ. ತಂಗಿ ಆ ವರ್ಷವನ್ನೂ ಕಲ್ಲಿನ ಮೇಲೆ ಬಿಟ್ಟಿದ್ದಳಲ್ಲ. ಅಪ್ಪ ಎಲ್ಲಿ ಎಂದು ಕೇಳಿದಳು. ಅವ್ವ, “ಮೋರಖಂಡಿಗೆ ಹೋಗ್ಯಾರ, ಹೊಲಕ್ಕ,” ಎಂದಳು. ಅಪ್ಪನನ್ನು ಹೂಳಿದ್ದು ಆ ಹೊಲದಲ್ಲೇ, ಹಾಗಾಗಿ ಇದು ಸುಳ್ಳಲ್ಲವೆಂದು ಸಮಾಧಾನ ಮಾಡಿಕೊಂಡಳೋ ಏನೋ. ತಂಗಿ ಸಂಜೆ ಆಗುತ್ತಲೇ ಬಾಗಿಲಿಗೆ ಹೋಗಿ ನಿಲ್ಲುತ್ತಿದ್ದಳು. ಮರುದಿನವೂ ನಿಂತಳು. “ಇಷ್ಟು ದಿನ ಹೊಲದಾಗೇನು ಮಾಡಾಕತ್ತಾರ?” ಎಂದಳು. ಅವ್ವ ಸೋಯಾ ಬಿತ್ತನೆ ಎಂದಳು, ಆಳು ಸಿಗುತ್ತಿಲ್ಲ ಎಂದಳು, ಮಳೆ ಎಂದಳು. ನಾನು ಅಡುಗೆಮನೆಯಲ್ಲಿ ಅವ್ವನ ಜೊತೆ ಕಿತ್ತಾಡಿದೆ. ಒಂದು ಸುಳ್ಳಿಗೆ ಎಷ್ಟು ಸುಳ್ಳು ಕಟ್ಟುತ್ತೀ, ಸತ್ತವರನ್ನೆಲ್ಲ ಹೊಲಕ್ಕೆ ಕಳಿಸಿ ಎಷ್ಟು ದಿನ ಬಾಗಿಲಿಗೆ ನಿಲ್ಲಿಸುತ್ತೀ ಎಂದೆ. “ಉಣ್ಣಾಕತ್ತಾಳ ಇಲ್ಲೋ? ನೀರು ಕುಡಿಯಾಕತ್ತಾಳ ಇಲ್ಲೋ?” ಎಂದಳು ಅವ್ವ. ಅಮಾವಾಸ್ಯೆ ಹತ್ತಿರ ಬರುತ್ತಿತ್ತು. ತೊಳೆದುಬಿಟ್ಟರೆ ಆ ಹುಡುಗಿಯನ್ನು ಹೆತ್ತವಳಿಗೇ ಆ ಹುಡುಗಿ ಇರುವುದಿಲ್ಲ.

ಒಂದು ಬೆಳಿಗ್ಗೆ ತಂಗಿ ಬಚ್ಚಲಿನಿಂದ ನನ್ನನ್ನು ಕರೆದಳು. ಸೀರೆ ಅರ್ಧ ಸುತ್ತಿಕೊಂಡು ನಿಂತಿದ್ದಳು. ಹೊಟ್ಟೆಯ ಕೆಳಗೆ, ಹೆತ್ತವರಿಗೆಲ್ಲ ಉಳಿಯುವ ಬಿಳಿ ಗೆರೆಗಳನ್ನು ಬೆರಳಿನಿಂದ ತೋರಿಸಿದಳು.

“ಇವು ಯಾವು ಅಕ್ಕಾ?”

ನಾನು ಏನೋ ಹೇಳಲು ಹೋಗಿ ತೊದಲಿದೆ. ಅವಳು ತಡೆದಳು.

“ನಾ ಏನು ಹುಚ್ಚಿ ಅಲ್ಲ. ಒಳಗ ಅಷ್ಟು ಉದ್ದ ಗೀಟು ಅದ. ನನ್ನ ಕೈ ನನಗ ಗೊತ್ತಾಗೂದಿಲ್ಲೇನು? ಅವ್ವಗ ಕೇಳಿದರ ಆಕಿದಂತ ಹೇಳತಾಳ. ಹೆದರಿಕಿ ಬರತದ ಅಂತ ಮುಟ್ಟಿಲ್ಲ.” ಸೀರೆ ಸುತ್ತಿಕೊಂಡು ಸೆರಗು ಸಿಕ್ಕಿಸಿದಳು. “ಒಂದೇ ಹೇಳು. ಅದರಾಗ ಛಲೋದು ಏನಾರ ಅದ ಏನು?”

“ಅದ,” ಎಂದೆ. “ಬಾಳ ಅದ.”

“ಹಂಗಾದರ ನನಗ ಬೇಕು.”

ಬರೆದವಳು ಕೇಳಿದ ಮೇಲೆ ಇಲ್ಲವೆನ್ನಲು ಅವ್ವನಿಗೂ ಹಕ್ಕಿಲ್ಲ. ಆದರೆ ಅವ್ವ ಬಾಗಿಲಿಗೆ ಅಡ್ಡ ಕೂತಳು. ಎಲ್ಲ ಓದಿದರೆ ಆ ದಿನವೂ ವಾಪಸು ಬರುತ್ತದೆ, ಬಂದರೆ ಇವಳು ಮತ್ತೆ ಗೋಡೆಗೆ ಮುಖ ಮಾಡಿ ಮಲಗುತ್ತಾಳೆ, ಈ ಸಲ ಏಳುವುದಿಲ್ಲ ಎಂದಳು. ಅದು ಖರೆಯೇ ಇತ್ತು. ನಾನು ಒಪ್ಪಿದೆ. ಕೊನೆಯ ತುದಿಯನ್ನು ಬಿಟ್ಟು ಉಳಿದದ್ದನ್ನು ಅವಳು ಓದಲಿ, ಸತ್ತ ಸುದ್ದಿಯನ್ನು ಎಲ್ಲರಿಗೂ ತಿಳಿಸುವಂತೆ ಬಾಯಿಂದ ತಿಳಿಸೋಣ ಎಂದೆ.

“ತುದಿ ಒರಸಿಬಿಡ್ತೇನಿ ಮತ್ತ,” ಎಂದು ಅವ್ವ ಒದ್ದೆ ಬಟ್ಟೆ ಹಿಡಿದುಕೊಂಡು ಎದ್ದಳು.

“ನಾಳಿಗೆ ಆಕಿ ಕೇಳತಾಳ, ನನ್ನ ಮಗಳು ಹ್ಯಾಂಗ ಹೋದಳು ಅಂತ. ಯಾರು ಹೇಳೋರು? ಒಳಗ ಇದ್ದಾಕಿ ಆಕಿ ಒಬ್ಬಾಕಿನೇ. ನಿನ್ನಂಗ ಆಕಿನೂ ಮಂದಿ ಮನಿ ಮದುವ್ಯಾಗ ಕೇಳ್ಕೋತ ತಿರಗಬೇಕೇನು?”

ಅವ್ವನಿಗೆ ಆ ಮಾತು ನಾಟಿತು. ನಾಟಲಿ ಎಂದೇ ಆಡಿದ್ದೆ. ಆ ದಿನವನ್ನು ನಾನು ಓದಿ ಇಟ್ಟುಕೊಳ್ಳುತ್ತೇನೆ ಎಂದೆ. ಮೈದುನ ಕಟ್ಟೆಯಿಂದ ಎದ್ದು ಬಂದು, ನಾನು ಓದುತ್ತೇನ್ರಿ, ನನಗೆ ಕಲಿಸಿರಿ ಎಂದ. ನಮ್ಮ ಮನೆಯ ಹೆಂಗಸರದಲ್ಲದ ಬೆರಳಿಗೆ ಅದು ಬರೀ ಸುಣ್ಣ. “ನಿಮ್ಮ ದಿನ ನಿಮ್ಮ ಹತ್ರ ಅದ. ಅಷ್ಟು ಸಾಕು,” ಎಂದೆ.

ಜಾಗ ಹುಡುಕುವುದು ಕಷ್ಟವಾಗಲಿಲ್ಲ. ಬೀಸುಕಲ್ಲಿನ ಕಡೆಯ ತುದಿಗೆ ಅವಳು ಗೋಡೆಗೆ ಮುಖ ಮಾಡಿ ಮಲಗಿದ ದಿನಗಳು. ಅದನ್ನು ಅವ್ವ ಒರೆಸಿದಳು, ಅದು ಯಾರಿಗೂ ಬೇಡ. ಅದರ ಹಿಂದೆ ಒಂದು ಗೇಣು ಬರೀ ಸುರುಳಿ, ಒಂದರ ಮೇಲೊಂದು, ಅಕ್ಕಿಕಾಳಿನಷ್ಟು ಸಣ್ಣ ಸುರುಳಿ. ಅದರ ಹಿಂದೆ ಒಂದು ನೆಟ್ಟನೆಯ ತುಂಡು: ಹುಡುಗಿಯ ಮಗ್ಗುಲಲ್ಲಿ ತಂಗಿ ಮಲಗಿದ ಕೊನೆಯ ರಾತ್ರಿಯ ನಿದ್ದೆ. ಮರುದಿನ ಬೆಳಗಾಗುತ್ತಲೇ, ಆ ನಿದ್ದೆ ಮುಗಿಯುವಲ್ಲಿ ನಾನು ಬೆರಳಿಟ್ಟೆ.

ಆ ದಿನ ನಾನು ನನ್ನ ತಂಗಿಯಾಗಿದ್ದೆ. ಆಟೊದಲ್ಲಿ ಹುಡುಗಿಯ ಭಾರ ನನ್ನ ತೊಡೆಯ ಮೇಲಿತ್ತು. ತಲೆ ಸುಡುತ್ತಿತ್ತು, ಪಾದಗಳು ತಣ್ಣಗಿದ್ದವು, ಅವನ್ನು ಅಂಗೈಯಲ್ಲಿ ತಿಕ್ಕುತ್ತಿದ್ದೆ. ದವಾಖಾನೆಯಲ್ಲಿ ಸೂಜಿ ಹಾಕಿದರು. ಸೆಳೆತ ನಿಂತಿತು. ಸೆಳೆತ ಮತ್ತೆ ಬರಬಹುದು, ಬಾಯಿಗೆ ಏನು ಹಾಕಿದರೂ ಶ್ವಾಸಕ್ಕೆ ಹೋಗುತ್ತದೆ, ಹನಿ ನೀರೂ ಕೊಡಬೇಡಿ ಎಂದು ಡಾಕ್ಟರು ಹೇಳಿದರು. ಅವರು ಹೇಳಿದ್ದು ಸರಿಯೇ ಇದ್ದೀತು, ಮೆತ್ತಗೆ, ಎರಡೆರಡು ಸಲ ಹೇಳಿದರು. ನರ್ಸು ಬಂದು ಬಂದು ಸಲೈನ್ ನೋಡಿ ಹೋಗುತ್ತಿದ್ದಳು. ಗಂಡ ಹೊರಗೆ. ಕೋಣೆಯಲ್ಲಿ ನಾನು ಮತ್ತು ಅವಳು.

ಮಧ್ಯಾಹ್ನದ ಹೊತ್ತಿಗೆ ಹುಡುಗಿ ಕಣ್ಣು ತೆರೆದಳು. “ಅವ್ವಾ, ನೀರು,” ಎಂದಳು. ಡಾಕ್ಟರು ಬ್ಯಾಡ ಅಂದಾರವ್ವಾ, ಆಮ್ಯಾಲ ಕೊಡ್ತೇನಿ ಎಂದೆ. ಸ್ವಲ್ಪ ಹೊತ್ತಿಗೆ ಮತ್ತೆ ಕೇಳಿದಳು. ಮತ್ತೆ. ತುಟಿ ಒಣಗಿ ಬಿಳಿಪದರ ಎದ್ದಿತ್ತು, ಒದ್ದೆ ಅರಿವೆಯಿಂದ ಒರೆಸಿದೆ, ಅವಳು ಆ ಅರಿವೆಯನ್ನು ಹಲ್ಲಿನಲ್ಲಿ ಹಿಡಿದು ಹೀರಲು ನೋಡಿದಳು, ನಾನು ಬಿಡಿಸಿಕೊಂಡೆ. ಕಿಟಕಿಯಲ್ಲಿ ನೀರಿನ ಬಾಟಲಿ ಇತ್ತು. ಅವಳು ಅದನ್ನೇ ನೋಡುತ್ತಿದ್ದಳು. ನಾನು ಎದ್ದು ಅದನ್ನು ಮಂಚದ ಕೆಳಗೆ ಇಟ್ಟೆ. “ಜರಾ ಕೊಡವ್ವಾ, ನಾ ಯಾರಿಗೂ ಹೇಳೂದಿಲ್ಲ,” ಎಂದಳು. ಗುಟ್ಟು ಹೇಳುವಾಗ ಮಾಡುವ ದನಿಯಲ್ಲಿ. ಬೀದರಿನಾಗ ಕೊಡ್ತೇನಿ, ಅಪ್ಪ ಗಾಡಿ ತರಾಕತ್ತಾನ ಎಂದೆ. ಆಮೇಲೆ ಅವಳು ನನ್ನ ಕಡೆ ನೋಡುವುದನ್ನು ಬಿಟ್ಟಳು, ಮುಖ ಆ ಕಡೆ ಮಾಡಿದಳು. ಹೊರಗೆ ದೀಪ ಹತ್ತಿಕೊಳ್ಳುವ ಹೊತ್ತಿಗೆ ಉಸಿರು ತಡೆತಡೆದು ಬಂದು ನಿಂತಿತು. ಮುಖ ಆ ಕಡೆಯೇ ಇತ್ತು.

ಬೆರಳು ಬಿಟ್ಟಾಗ ಕೋಣೆಯಲ್ಲಿ ಬೆಳಕು ಕಡಿಮೆಯಾಗಿತ್ತು. ಅವ್ವ ನನ್ನ ಹಣೆ ಹಿಡಿದಿದ್ದಳು. ಏನು ಕಂಡಿ ಎಂದು ಕೇಳಿದಳು, ನಾನು ಹೇಳಲಿಲ್ಲ. ಲೋಟ ನೀರು ತಂದುಕೊಟ್ಟಳು. ಅದು ಗಂಟಲಿಗೆ ಇಳಿಯಲಿಲ್ಲ. ತಂಗಿ ನೀರನ್ನು ಯಾಕೆ ತಳ್ಳುತ್ತಿದ್ದಳು, ತನ್ನ ಬದುಕನ್ನು ಅಗೆದಗೆದು ಯಾಕೆ ಅಷ್ಟು ಹಿಂದಕ್ಕೆ ಹೋದಳು ಎಂಬುದು ನನಗೆ ಆಗ ಅರ್ಥವಾಯಿತು. ತಾನು ನೀರು ಕೊಡದ ಜಾಗದಿಂದ ಎಷ್ಟು ದೂರ ಆಗುತ್ತದೋ ಅಷ್ಟು ದೂರ ಓಡಿದ್ದಳು.

ಮರುದಿನ ಮುಂಜಾನೆ ತಂಗಿ ಸ್ನಾನ ಮಾಡಿ, ಹಣೆಗೆ ವಿಭೂತಿ ಹಚ್ಚಿಕೊಂಡು ಹೊಸ್ತಿಲ ಹತ್ತಿರದ ಗಂಟಿನ ಮೇಲೆ ಬೆರಳಿಟ್ಟಳು. ಬಗ್ಗಿಕೊಂಡು ಗೀಟಿನ ಗುಂಟ ಹೋದಳು. ಎಡಗೈ ಹೊಟ್ಟೆಗೆ ಹೋಯಿತು. ಒಂದು ಕಡೆ ಹಲ್ಲು ಕಚ್ಚಿ ನರಳಿದಳು, ಹೆರಿಗೆಯ ಬೇನೆಯನ್ನು ನನ್ನಂತೆ ಅವಳೂ ತೊಳೆದಿರಲಿಲ್ಲ; ಆಮೇಲೆ ಅವಳ ಮುಖ ಸಡಿಲಾದ ಬಗೆಯನ್ನು ಬರೆಯಲು ನನಗೆ ಬರುವುದಿಲ್ಲ. ಗೋಡೆಯ ಹತ್ತಿರ ತಿರುಗುವಾಗ “ಅಪ್ಪಾ” ಎಂದು ನಿಂತಳು, ಕಣ್ಣೊರೆಸಿಕೊಂ‌ಡು ಮುಂದೆ ಹೋದಳು. ಒಂದು ಕಡೆ ಯಾರಿಗೋ ಗದರಿದಳು. ಇನ್ನೊಂದು ಕಡೆ ಬಿದ್ದು ಬಿದ್ದು ನಕ್ಕಳು. ಬಾಗಿಲಲ್ಲಿ ನಿಂತಿದ್ದ ಮೈದುನ ಆ ನಗು ಕೇಳಿ ಗೋಡೆ ಹಿಡಿದುಕೊಂಡ. ಕೊನೆಗೆ ಬೀಸುಕಲ್ಲಿನ ಹತ್ತಿರ ಬಂದು, ಗೀಟು ಮುಗಿದಲ್ಲಿ ನಿಂತಳು. ಬೆರಳ ತುಂಬ ಸುಣ್ಣವಿತ್ತು.

ತಲೆ ಎತ್ತಿ ನಮ್ಮನ್ನು ನೋಡಿದಳು. “ಜ್ವರ ಇಳೀತೇನು? ಎಲ್ಲಿ ಮಲಗಿಸೀರಿ ಆಕಿನ್ನ?” ಎಂದಳು.

ಅವ್ವ ನನ್ನ ಕಡೆ ನೋಡಿದಳು, ಮೈದುನ ನನ್ನ ಕಡೆ ನೋಡಿದ. ನಾನು ಅವಳನ್ನು ಕೂರಿಸಿಕೊಂಡು ಹೇಳಿದೆ. ಬೆಳಿಗ್ಗೆ ಸೆಳೆತ ಬಂದದ್ದು, ಆಟೊ, ದವಾಖಾನೆ, ಗಾಡಿ ಬರುವುದರೊಳಗೆ ಆದದ್ದು, ಬೇಮಳಖೇಡದ ಹೊಲ. ಅವಳು ನನ್ನ ಮುಖವನ್ನೇ ನೋಡುತ್ತಾ, ಬೇರೆ ಯಾರದೋ ಮನೆಯ ಸುದ್ದಿ ಕೇಳುವಂತೆ ಪೂರ್ತಿ ಕೇಳಿದಳು. ಗೀಟಿನ ತುದಿ ಕಡಿದಿದ್ದನ್ನು ನೋಡಿದ್ದಳು. ಆ ದಿನ ಯಾರ ಹತ್ತಿರ ಇದೆ ಎಂಬುದು ಅವಳಿಗೆ ತಿಳಿಯಿತು.

“ನಾ ಇದ್ನಾ ಆಕಿ ಬಾಜೂಕ?”

“ನೀನೇ ಇದ್ದಿ. ಕೈ ಬಿಟ್ಟಿಲ್ಲ.”

“ಏನಾರ ಕೇಳಿದಳೇನು?”

ಅವ್ವನಿಗೆ ಸುಳ್ಳುಗಾತಿ ಎಂದು ಬೈದ ಬಾಯಿ ನನ್ನದು. ಇದನ್ನು ಹೇಳಲೆಂದೇ ಆ ದಿನವಿಡೀ ಕಲ್ಲಿನ ಮೇಲೆ ಕೂತವಳು ನಾನು.

“ನೀರು ಕೇಳಿದಳು,” ಎಂದೆ.

“ಕೊಟ್ನಾ?”

“ಕೊಟ್ಟಿ.”

“ಕುಡದಳಾ?”

“ಕುಡದಳು. ಗಟಗಟ ಕುಡದಳು. ನಿನ್ನ ಕಡೆ ಮಾರಿ ಮಾಡಿ ಮಲಗಿದಳು.”

ಆಗ ತಂಗಿ ಅತ್ತಳು. ನನ್ನ ಮಡಿಲಲ್ಲಿ ತಲೆ ಇಟ್ಟು, ಸತ್ತ ಮಕ್ಕಳ ತಾಯಂದಿರು ಅಳುವ ಹಾಗೆ ಅತ್ತಳು. ಮಧ್ಯಾಹ್ನ ಅವ್ವ ಕಲಸಿ ಕೊಟ್ಟ ಅನ್ನವನ್ನು ಅಳುತ್ತಲೇ ಉಂಡಳು, ಮೇಲೆ ನೀರು ಕುಡಿದಳು. ಈಗ ಗಂಡನ ಜೊತೆ ಬೇಮಳಖೇಡದಲ್ಲಿದ್ದಾಳೆ. ಮಾತಾಡಿಸಲು ಬಂದವರಿಗೆ, “ಹೋಗೂಮುಂದ ನನ್ನ ಕೈಲೆ ನೀರು ಕುಡದು ಹೋದಳ್ರಿ,” ಎಂದು ಹೇಳುತ್ತಾಳೆ. ಅಷ್ಟಾದರೂ ಆಯಿತಲ್ಲ ಎಂದು ಅವರು ತಲೆದೂಗುತ್ತಾರೆ. ನಾನು ಅಲ್ಲಿದ್ದರೆ ನಾನೂ ತಲೆದೂಗುತ್ತೇನೆ.

ನನಗೆ ಅಂಗಡಿಯಲ್ಲಿ ಮಷೀನು ತುಳಿಯುವಾಗಲೂ ಹುಡುಗಿಯ ಆ ದನಿ ಕೇಳುತ್ತದೆ. ನಾನು ಸೊರಗಿದ್ದನ್ನು ನೋಡಿ, ಆ ದಿನ ಬರೆದು ತೊಳೆದುಬಿಡು, ಮಣಿಕಟ್ಟು ನಾನು ಹಿಡಿಯುತ್ತೇನೆ, ಈ ಸಲ ಸರಿಯಾದ ಜಾಗಕ್ಕೆ ಅದುಮುತ್ತೇನೆ ಎಂದು ಅವ್ವ ಬಂದಾಗಲೆಲ್ಲ ಹೇಳುತ್ತಾಳೆ. ನಾನು ಬರೆಯುವುದಿಲ್ಲ. ಬರೆದು ತೊಳೆದರೆ, ಆ ಹುಡುಗಿ ನೀರು ಕೇಳಿದಳು, ಯಾರೂ ಕೊಡಲಿಲ್ಲ ಎಂಬುದು ಯಾರಿಗೂ ಗೊತ್ತಿರುವುದಿಲ್ಲ.